ಸಂಕನಾಳದ ಕೆಂಪು ಚುಕ್ಕೆ

ವಲಯ ನಿಯಂತ್ರಣ ಕೊಠಡಿಯ ಗೋಡೆಯ ತುಂಬ ಹರಡಿದ್ದ ನಕ್ಷೆಯಲ್ಲಿ ವಿಶ್ವವಿದ್ಯಾಲಯದ ಕಾಲೇಜುಗಳೆಲ್ಲ ಹಸಿರು ಚುಕ್ಕೆಗಳಾಗಿ ಹೊಳೆಯುತ್ತಿದ್ದವು. ಹಿನ್ನೀರಿನ ಅಂಚಿನಲ್ಲಿದ್ದ ಒಂದು ಚುಕ್ಕೆ ಮಾತ್ರ ಕೆಂಪಗಿತ್ತು.

"ಸಂಕನಾಳ," ಎಂದರು ನಿರ್ದೇಶಕಿ ಶಾಂಭವಿ. "ಬೆಳಿಗ್ಗೆ ಹಸಿರಾಗಿರುತ್ತೆ. ಮಧ್ಯಾಹ್ನ ಇಳಿದ ಮೇಲೆ ಕೆಂಪು. ದಿನಾ ಇದೇ ಕತೆ."

"ಪಟ್ಟಿಗಳು ಕೆಟ್ಟಿರಬೇಕ್ರಿ ಮೇಡಂ," ಎಂದ ಎಂಜಿನಿಯರ್ ವಾದಿರಾಜ ಗಲಗಲಿ.

"ಎಲ್ಲಾ ಪಟ್ಟಿ ಬದಲಿಸಿ ಆಯ್ತು. ಹೊಸ ಪಟ್ಟಿಗಳಿಗೂ ಅಲ್ಲಿಗೆ ಹೋದ ಮೇಲೆ ಅದೇ ರೋಗ. ನೀವೇ ಹೋಗಿ ನೋಡಿ ಬನ್ನಿ."

ನಿಶ್ಚಯ ಪಟ್ಟಿ ಬಂದು ಆಗಲೇ ಒಂದು ತಲೆಮಾರಿನ ಹುಡುಗರು ಪದವಿ ಮುಗಿಸಿ ಹೋಗಿದ್ದರು. ಹಣೆಗೆ ಕಟ್ಟಿಕೊಳ್ಳುವ, ಎರಡು ಬೆರಳಗಲದ ಮೆತ್ತನೆಯ ಪಟ್ಟಿ ಅದು. ಮನುಷ್ಯನಿಗೆ ಅನುಮಾನ ಹುಟ್ಟುವಾಗ, ಅದಿನ್ನೂ ಮಾತಾಗುವ ಮೊದಲೇ, ಮಿದುಳಿನ ಮುಂಭಾಗದಲ್ಲಿ ಒಂದು ಸಣ್ಣ ಅಲೆ ಏಳುತ್ತದೆ. ಕೆರೆಯಲ್ಲಿ ಮೀನು ಮೇಲೆ ಬರುವ ಮುಂಚೆ ನೀರು ಅಲುಗುತ್ತದಲ್ಲ, ಹಾಗೆ. ಪಟ್ಟಿ ಆ ಅಲೆಯನ್ನು ಹಿಡಿದು, ವಿಶ್ವವಿದ್ಯಾಲಯದ ಜ್ಞಾನಕೋಶದಿಂದ ಉತ್ತರ ತಂದು, ಕಿವಿಯ ಹಿಂದಿನ ಎಲುಬಿನ ಮೂಲಕ ಪಿಸುಗುಡುತ್ತಿತ್ತು. ತಮಗೆ ಅನುಮಾನ ಬಂದಿತ್ತು ಎಂಬುದೇ ಹುಡುಗರಿಗೆ ಗೊತ್ತಾಗುತ್ತಿರಲಿಲ್ಲ. ಅಲೆ ಬೇಗ ಅಡಗಿದಷ್ಟೂ ಅಂಕ ಹೆಚ್ಚು. ಅಡಗದೆ ನಿಂತರೆ ಅದಕ್ಕೆ ತಡವರಿಕೆ ಎಂದು ಹೆಸರು. ತಡವರಿಸುವವರಿಗೆ ಪದವಿಯಿರಲಿಲ್ಲ.

ಜ್ಞಾನಕೋಶಕ್ಕಾಗಿ ಯಂತ್ರ ಎಲ್ಲ ಪುಸ್ತಕಗಳನ್ನೂ ಓದಿತ್ತು. ಎರಡು ಪುಸ್ತಕ ಎರಡು ಮಾತು ಹೇಳಿದ ಕಡೆಯೆಲ್ಲ, ಹೆಚ್ಚು ಸಲ ನಿಜವಾಗುವ ಮಾತನ್ನು ಇಟ್ಟುಕೊಂಡು ಇನ್ನೊಂದನ್ನು ಬಿಟ್ಟಿತ್ತು. ಆಮೇಲೆ ಪುಸ್ತಕದ ಕಪಾಟುಗಳ ಹತ್ತಿರ ಯಾರೂ ಸುಳಿಯದಾದರು. ಕಾಲೇಜುಗಳು ಗ್ರಂಥಾಲಯಗಳನ್ನು ತಾವಾಗಿಯೇ ಖಾಲಿ ಮಾಡಿ, ಅಲ್ಲಿ ಪಟ್ಟಿಗಳನ್ನು ಚಾರ್ಜಿಗೆ ಹಾಕುವ ಮೇಜುಗಳನ್ನು ಜೋಡಿಸಿದವು. ಯಾರೂ ಅಳಲಿಲ್ಲ.

ಸಂಕನಾಳದಲ್ಲಿ ಹಾಗಾಗಿರಲಿಲ್ಲ.

ವಾದಿರಾಜ ಬಸ್ಸಿಳಿದು ಕಾಲೇಜು ಸೇರಿದಾಗ ಬಿಸಿಲು ವಾಲತೊಡಗಿತ್ತು. ತರಗತಿ ಮುಗಿಸಿದ ಹುಡುಗರು ಹಿಂಡುಹಿಂಡಾಗಿ ಉದ್ದನೆಯ ಕಲ್ಲುಕಟ್ಟಡದೊಳಗೆ ಹೋಗುತ್ತಿದ್ದರು. ಅವನೂ ಹಿಂದೆಯೇ ಹೋದ. ಒಳಗೆ ಶಹಾಬಾದ ಫರ್ಸಿಕಲ್ಲಿನ ತಂಪು ನೆಲ, ಕಬ್ಬಿಣದ ಕಪಾಟುಗಳ ಸಾಲು, ಹಳೆಯ ಕಾಗದದ ವಾಸನೆ. ಬಾಗಿಲ ಪಕ್ಕದ ಮೇಜಿನ ಹಿಂದೆ ಇಳಕಲ್ಲ ಸೀರೆಯುಟ್ಟ, ಐವತ್ತರ ಆಸುಪಾಸಿನ ಹೆಂಗಸು ಕುಳಿತಿದ್ದಳು. ಗ್ರಂಥಪಾಲಕಿ ನೀಲಗಂಗಾ ಹೊಸಮನಿ. ಹುಡುಗರಿಗೆ ಅವಳು ಅಕ್ಕೋರು.

ಸೋಮನಿಂಗನೆಂಬ ಇತಿಹಾಸದ ವಿದ್ಯಾರ್ಥಿ ಒಂದು ಪುಸ್ತಕ ಕೇಳಿದ. ಅವಳು ಎರಡು ತಂದು ಮೇಜಿನ ಮೇಲಿಟ್ಟಳು.

"ಅಕ್ಕೋರ, ನಾ ಒಂದ ಕೇಳಿದ್ದು."

"ಒಂದ ಕೇಳಿದಿ, ಎರಡು ಒಯ್ಯಿ. ಮೊದಲನೇದಾಂವ ಹೇಳಿದ್ದನ್ನ ಎರಡನೇದಾಂವ ಒಪ್ಪಂಗಿಲ್ಲ. ಒಂಟಿ ಎತ್ತು ಕಟ್ಟಿದರ ಗಾಣ ತಿರಗತೈತಿ, ಹೊಲ ಹರಗಂಗಿಲ್ಲ."

"ಗಾಣದಾಗ ಎಣ್ಣಿ ಆದರೂ ಬರತೈತ್ರಿ."

"ಎಣ್ಣಿ ಬೇಕಂದ್ರ ಅಂಗಡಿಗಿ ಹೋಗು. ಇಲ್ಲಿಗ್ಯಾಕ ಬಂದಿ?"

ಸಾಲಿನಲ್ಲಿದ್ದವರು ನಕ್ಕರು. ಸೋಮನಿಂಗ ಎರಡನ್ನೂ ಬಗಲಿಗಿಟ್ಟುಕೊಂಡು ನಡೆದ.

ಈ ಪದ್ಧತಿ ನೀಲಗಂಗಾಳಿಗಿಂತ ಹಳೆಯದು. ಊರವರೇ ಸಂಘ ಮಾಡಿಕೊಂಡು ಕಲ್ಲು ಹೊತ್ತು ಕಟ್ಟಿದ ಕಾಲೇಜು ಅದು. ಕುರುಬರು, ನೇಕಾರರು, ಹೊಲ ಮಾಡುವವರು. ಯಾವ ಜಗಳ ಬಂದರೂ ಎರಡೂ ಕಡೆಯವರನ್ನು ಕಟ್ಟೆಗೆ ಕರೆಸದೆ ಬಾಯಿ ತೆರೆಯಬಾರದೆಂಬ ರೂಢಿಯವರು. ಪುಸ್ತಕವೂ ಒಬ್ಬ ಮನುಷ್ಯನ ಮಾತೇ ಅಲ್ಲವೇ ಎಂದು ಅದೇ ರೂಢಿಯನ್ನು ಇಲ್ಲಿಗೂ ತಂದಿದ್ದರು. ಒಂಟಿ ಪುಸ್ತಕ ಈ ಬಾಗಿಲು ದಾಟಿ ಹೋಗುತ್ತಿರಲಿಲ್ಲ.

ಹುಡುಗರ ಹಣೆಯ ಅಲೆಗಳನ್ನು ತೋರಿಸುವ ಉಪಕರಣವೊಂದು ವಾದಿರಾಜನ ಕೈಯಲ್ಲಿತ್ತು; ಅದರ ಪರದೆ ಕೆಂಪಾಗತೊಡಗಿತು. ಅವನು ಕಪಾಟುಗಳನ್ನು ದಿಟ್ಟಿಸಿದ.

"ಇಷ್ಟು ಕಬ್ಬಿಣ ಇದ್ದರ ಅಲೆ ಕೆಡ್ತದ. ಎಲ್ಲಾರೂ ಹೊರಗ ಬರ್ರಿ."

ಹುಡುಗರು ಪುಸ್ತಕಗಳನ್ನೆತ್ತಿಕೊಂಡು ಬೇವಿನ ಮರದ ಕೆಳಗೆ ಹೋಗಿ ಕುಳಿತರು. ಪರದೆ ಮತ್ತೆ ಕೆಂಪಾಯಿತು. ಕರೆಂಟಿನ ತಂತಿ ಹತ್ತಿರವಿದೆಯೆಂದು ಆಟದ ಬಯಲಿಗೆ ಕರೆದೊಯ್ದ. ಅಲ್ಲೂ ಕೆಂಪು. ದಾರಿಯಲ್ಲಿ ಹೋಗುತ್ತಿದ್ದವರು, ಕಾಲೇಜಿನಲ್ಲಿ ಭೂಕಂಪದ ತಾಲೀಮು ನಡೆದಿದೆಯೇನೋ ಎಂದು ನಿಂತು ನೋಡಿದರು.

ವಾದಿರಾಜ ಸೋಲುವವನಲ್ಲ. ಪುಸ್ತಕಗಳನ್ನೆಲ್ಲ ಕಸಿದುಕೊಂಡ. ಪರದೆ ಹಸಿರಾಯಿತು. ತಲೆಗೊಂದರಂತೆ ಮರಳಿಸಿದ. ಹಸಿರೇ. ಎರಡನೆಯದನ್ನು ಕೊಟ್ಟ. ಸ್ವಲ್ಪ ಹೊತ್ತಿನಲ್ಲಿ ಒಬ್ಬೊಬ್ಬರ ಹಣೆಯ ಅಲೆಯೂ ಎದ್ದು ನಿಂತಿತು. ಪಟ್ಟಿ ಉತ್ತರ ಪಿಸುಗುಡುತ್ತಿತ್ತು. ಹುಡುಗರು ಅದನ್ನು ಕೇಳಿಸಿಕೊಂಡು, ಪುಟ ತಿರುವಿ, ಹಿಂದಕ್ಕೆ ಹೋಗಿ, ಮತ್ತೆ ಅನುಮಾನಿಸುತ್ತಿದ್ದರು.

"ರೋಗ ಸಿಕ್ತು," ಎಂದ ಅವನು.

"ಏನ್ ಸಿಕ್ತ್ರಿ?" ನೀಲಗಂಗಾ ಬಯಲಿಗೇ ನಡೆದು ಬಂದು ಕೇಳಿದಳು.

"ಎರಡನೇ ಪುಸ್ತಕರಿ ಮೇಡಂ."

"ಸಾಹೇಬ್ರ, ಅದು ರೋಗ ಆಗಿದ್ರ ನಮ್ಮೂರಿಗಿ ಅದು ಹಿರೇರಿಂದ ಬಂದೈತಿ. ಮದ್ದು ಕೊಟ್ಟು ಹೈರಾಣ ಆಗಬ್ಯಾಡ್ರಿ."

ಎಲ್ಲರಿಗಿಂತ ಹೆಚ್ಚು ಕೆಂಪಾಗಿದ್ದುದು ಕಸ್ತೂರಿ ಬಿಸನಾಳ ಎಂಬ ಹುಡುಗಿಯ ಗೆರೆ. ಪ್ರಾಣಿಶಾಸ್ತ್ರದ ಕೊನೆಯ ವರ್ಷ. ವಾದಿರಾಜ ಅವಳಿಗೆ ಪರದೆ ತೋರಿಸಿದ.

"ಮುಂಜಾನೆ ಕ್ಲಾಸಿನಾಗ ನೀವೇ ಎಲ್ಲಾರಕಿಂತ ಹಸಿರು ಇದ್ರಿ. ಇಲ್ಲಿ ನೋಡ್ರಿ, ಏನ್ ಮಾಡ್ಕೊಂಡೀರಿ."

"ನನಗ ಮುಂದ ಪಶುವಿಜ್ಞಾನದ ಸೀಟು ಕೊಟ್ಟಾರ್ರಿ. ಇದರಿಂದ ಅದಕ್ಕೇನರ ಆಗತೈತೇನ್ರಿ?"

"ಪದವಿ ಬಂದರ ಸೀಟು. ಕೆಂಪಾದವರಿಗೆ ಪದವಿ ಇಲ್ಲ," ಎಂದು ಅವನು ಉಪಕರಣವನ್ನು ಚೀಲಕ್ಕೆ ಸೇರಿಸಿದ. ಅವನ ದನಿಯಲ್ಲಿ ಕೇಡು ಇರಲಿಲ್ಲ. ಹವಾಮಾನ ಹೇಳಿದ ಹಾಗೆ ಹೇಳಿದ್ದ.

*

ಕಸ್ತೂರಿಯ ಅಪ್ಪ ಮಾಳಪ್ಪ ಕುರಿ ಸಾಕುವವನು. ಸುಗ್ಗಿ ಮುಗಿದ ಹೊಲಗಳಲ್ಲಿ ಗೊಬ್ಬರಕ್ಕೆಂದು ರಾತ್ರಿ ಹಿಂಡು ತರುಬಿ ನಿಲ್ಲಿಸಿ, ಮಳೆಗಾಲ ಮುಗಿಯುತ್ತ ಬಂದಾಗ ಹಿನ್ನೀರಿನ ದಂಡೆಯ ಹಸಿ ಹುಲ್ಲಿಗೆ ತರುತ್ತಿದ್ದ. ಆ ವಾರ ಒಂದು ದಿನ ಮಗಳು ಕಾಲೇಜಿನಿಂದ ಮನೆಗೆ ಬಂದಾಗ ಅವನು ಒಂದು ಕುರಿಯನ್ನು ಮೊಣಕಾಲ ನಡುವೆ ಹಿಡಿದುಕೊಂಡು ಕುಳಿತಿದ್ದ.

"ಇಲ್ಲಿ ಬಾ. ಇದರ ಗದ್ದ ಮುಟ್ಟಿ ನೋಡು."

ಗದ್ದದ ಕೆಳಗೆ ನೀರು ತುಂಬಿದ ಚೀಲದಂಥ ಬಾವು ತೂಗುತ್ತಿತ್ತು. ಕಸ್ತೂರಿ ಕಣ್ಣರೆಪ್ಪೆ ಬಿಡಿಸಿ ನೋಡಿದಳು. ಒಳಗೆ ರಕ್ತದ ಕೆಂಪೇ ಇರಲಿಲ್ಲ, ಬಿಳಿಚಿಕೊಂಡಿತ್ತು. ಹಿಂಡಿನಲ್ಲಿ ಇನ್ನೂ ಕೆಲವಕ್ಕೆ ಹೀಗೇ ಆಗಿತ್ತು.

ಹಣೆಯ ಪಟ್ಟಿ ಆಗಲೇ ಪಿಸುಗುಟ್ಟಿತ್ತು: ಯಕೃತ್ತಿನ ಚಪ್ಪಟೆ ಹುಳು; ಇಂಥ ಔಷಧ; ಇಷ್ಟು ಪ್ರಮಾಣ.

"ಪಟ್ಟಿ ಏನಂತೈತಿ?" ಮಾಳಪ್ಪ ಕೇಳಿದ.

ಅವಳು ಹೇಳಲು ಬಾಯಿ ತೆರೆದು ನಿಲ್ಲಿಸಿದಳು. ಗ್ರಂಥಾಲಯದಲ್ಲಿ ಅಕ್ಕೋರು ಕೊಟ್ಟ ಜೋಡಿ ಪುಸ್ತಕಗಳು ಈ ಬಾವಿನ ಬಗ್ಗೆಯೇ ಜಗಳವಾಡಿದ್ದವು. ಜೌಗು ನೆಲದ ಬಸವನಹುಳುವಿನಿಂದ ಬರುವ ಚಪ್ಪಟೆ ಹುಳುವೇ ಇದಕ್ಕೆ ಕಾರಣವೆಂದು ಒಂದು ಹೇಳುತ್ತಿತ್ತು. ಹೊಟ್ಟೆಯೊಳಗೆ ಕಚ್ಚಿಕೊಂಡು ರಕ್ತ ಹೀರುವ ದಾರದಂಥ ಹುಳುವಿನಿಂದಲೂ ಥೇಟ್ ಹೀಗೇ ಬಾವು ಬರುತ್ತದೆ, ಕಣ್ಣು ಬಿಳಿಚುತ್ತದೆ, ಜನ ಮೋಸಹೋಗುತ್ತಾರೆ ಎಂದು ಇನ್ನೊಂದು. ಒಂದಕ್ಕೆ ಕೊಡುವ ಔಷಧ ಇನ್ನೊಂದಕ್ಕೆ ನಾಟುವುದಿಲ್ಲ.

"ಚಪ್ಪಟಿ ಹುಳ ಅಂತೈತಿ. ಆದರ ಅಪ್ಪಾ, ಹಿಕ್ಕಿ ನೋಡದ ನಾ ಹೇಳಾಕ ಒಲ್ಲೆ."

ಅವ್ವ ಹೊನ್ನವ್ವ ಒಲೆಯ ಮುಂದಿನಿಂದಲೇ ಕೂಗಿದಳು. "ಅದು ಹೇಳಿದ್ದ ಕೊಟ್ಟು ಬಿಡ್ರೆವ್ವಾ. ಬಾಜೂ ಹಟ್ಟ್ಯಾವರು ನಿನ್ನೇನ ಕೊಟ್ಟು ಕುಂತಾರ. ಈಕಿ ಕಲತದ್ದಕ್ಕ ಕುರಿ ಹಿಕ್ಕಿ ಆರಸಾಕ ಹೊಂಟ್ಲು!"

"ಆರಸಲಿ ಬಿಡು. ನಾ ದಿನಾ ಅದನ್ನ ತುಳಕೊಂತ ಅಡ್ಡಾಡತೇನಿ," ಎಂದ ಮಾಳಪ್ಪ.

ಕಸ್ತೂರಿ ಹಿಕ್ಕೆಯನ್ನು ಬೇರೆ ಬೇರೆ ಡಬ್ಬಿಗಳಲ್ಲಿ ತುಂಬಿಕೊಂಡು ಕಾಲೇಜಿಗೆ ಒಯ್ದಳು. ಪ್ರಯೋಗಾಲಯದ ಸೂಕ್ಷ್ಮದರ್ಶಕವನ್ನು ಬಳಸದೆ ಎಷ್ಟು ಕಾಲವಾಗಿತ್ತೋ, ಅದರ ಮಸೂರಕ್ಕೆ ಬೂಷ್ಟು ಹತ್ತಿತ್ತು. ಒರೆಸಿ, ಹೊಂದಿಸಿ, ಪುಸ್ತಕದಲ್ಲಿದ್ದಂತೆ ಮಾಡತೊಡಗಿದಳು. ದಾರದ ಹುಳುವಿನ ತತ್ತಿ ಹಗುರ. ಗಟ್ಟಿ ಉಪ್ಪುನೀರಿನಲ್ಲಿ ಕದಡಿದರೆ ಮೇಲೆ ತೇಲುತ್ತದೆ. ಚಪ್ಪಟೆ ಹುಳುವಿನ ತತ್ತಿ ಭಾರ. ಬರಿ ನೀರಿನಲ್ಲಿ ಕದಡಿ, ಸೋಸಿ, ಮತ್ತೆ ಮತ್ತೆ ತಿಳಿ ಬಸಿದರೆ ತಳದಲ್ಲಿ ಕೂರುತ್ತದೆ. ಮೊದಲನೆಯ ಸಲ ಸೋಸುವ ಬಟ್ಟೆ ಒರಟಾಗಿ ಕಸವೆಲ್ಲ ಇಳಿದು ಬಂತು. ಎರಡನೆಯ ದಿನ ಮತ್ತೆ ಹೊಸದಾಗಿ ಶುರು ಮಾಡಿದಳು. ಪಟ್ಟಿ ಬಿಡದೆ ಅದೇ ಮಾತು ಹೇಳುತ್ತಿತ್ತು.

ಅವಳು ಉತ್ತರ ಹಿಡಿದು ಮನೆ ಸೇರುವ ಹೊತ್ತಿಗೆ ಎರಡು ಕುರಿ ಸತ್ತಿದ್ದವು.

"ಏನ್ ಸಿಕ್ತು?"

"ಚಪ್ಪಟಿ ಹುಳ."

ಹೊನ್ನವ್ವ ತಲೆ ತಲೆ ಬಡಿದುಕೊಂಡಳು. "ಪಟ್ಟಿ ಅಂದದ್ದ ಖರೆ ಆತಲ್ಲವಾ! ಅವತ್ತ ಕೊಟ್ಟಿದ್ದರ ಎರಡು ಜೀವ ಉಳೀತಿದ್ವು."

ಅವ್ವ ಹೇಳಿದ್ದು ಸುಳ್ಳಾಗಿರಲಿಲ್ಲ. ಕಸ್ತೂರಿ ಉಳಿದ ಕುರಿಗಳಿಗೆ ಔಷಧ ಕುಡಿಸತೊಡಗಿದಳು. ಮಾಳಪ್ಪ ಒಂದೊಂದನ್ನೇ ಹಿಡಿದು ಬಾಯಿ ಬಿಡಿಸುತ್ತಿದ್ದ. ಅರ್ಧ ಹಿಂಡು ಮುಗಿದ ಮೇಲೆ ಅವನು ಕೇಳಿದ.

"ಉಪ್ಪುನೀರಾಗ ತತ್ತಿ ತೇಲಿದ್ದರ?"

"ಬ್ಯಾರೆ ಔಷಧ."

"ಆಗ ಈ ಪಟ್ಟಿ ಏನಂತಿತ್ತು?"

"ಇದನ್ನ ಅಂತಿತ್ತು. ಹಿನ್ನೀರಿನ ದಂಡಿ, ಗದ್ದಕ್ಕ ಬಾವು ಅಂದ್ರ ಬಾಳ ಸಲ ಚಪ್ಪಟಿ ಹುಳನ ಇರತೈತಿ. ಅದಕ್ಕ ಅದು ಯಾವಾಗ್ಲೂ ಅದನ್ನ ಹೇಳತೈತಿ."

ಮಾಳಪ್ಪ ಕೈಯಲ್ಲಿದ್ದ ಕುರಿಯನ್ನು ಬಿಟ್ಟ. ಅದು ತಲೆ ಕೊಡವಿ ಹಿಂಡು ಸೇರಿತು.

"ಅಂದ್ರ ಅದು ನನ್ನ ಕುರಿ ನೋಡಿಲ್ಲ."

"ಇಲ್ಲ."

"ನೀ ನೋಡಿದಿ."

"ತಡಾ ಮಾಡಿ ನೋಡಿದೆ ಅಪ್ಪಾ."

"ಮುಂದಿನ ಸಲ ಲಗೂನ ನೋಡು," ಎಂದು ಅವನು ಮುಂದಿನದನ್ನು ಹಿಡಿದುಕೊಂಡ.

*

ವಾದಿರಾಜನ ವರದಿ ತಲುಪಿದ ಮೇಲೆ ಆದೇಶ ಬರಲು ಹೊತ್ತಾಗಲಿಲ್ಲ. ಗ್ರಂಥಾಲಯ ಕಲಿಕೆಗೆ ಅಡ್ಡಿಯಾಗಿದೆ. ಕೊನೆಯ ವರ್ಷದವರಿಗೆ ತಡವರಿಕೆ ಪರೀಕ್ಷೆ ನಡೆಯುತ್ತದೆ. ಹೆಚ್ಚಿನವರು ಹಸಿರಾದರೆ, ಗ್ರಂಥಾಲಯವನ್ನು ಮುಚ್ಚಿ ಕಾಲೇಜು ಮುಂದುವರಿಯಬಹುದು. ಕೆಂಪಾದರೆ ಕಾಲೇಜಿನ ಮಾನ್ಯತೆಯೇ ರದ್ದು.

ಪ್ರಾಚಾರ್ಯ ಗುಳಪ್ಪ ಅಂಗಡಿಯವರು ಕೆಟ್ಟ ಮನುಷ್ಯರಲ್ಲ. ನಿವೃತ್ತಿಗೆ ಹತ್ತಿರವಾಗಿದ್ದರು, ಅಷ್ಟೇ. ನೀಲಗಂಗಾಳ ಮೇಜಿನೆದುರು ಕುರ್ಚಿ ಎಳೆದುಕೊಂಡು ಕುಳಿತರು.

"ನೀಲಗಂಗಾಬಾಯಿ, ಪರೀಕ್ಷೆ ಮಟ ಒಂದು ಉಪಾಯ ಮಾಡೂಣು. ಜೋಡಿ ಕೊಡ್ರಿ, ನಾ ಬ್ಯಾಡ ಅನ್ನಂಗಿಲ್ಲ. ಆದರ ಎರಡೂ ಒಂದ ಮಾತು ಹೇಳೂವಂಥವು ಕೊಡ್ರಿ. ಅಲ್ಲೀಮಟ ರೂಢಿನೂ ಉಳೀತು, ಹುಡುಗರೂ ಹಸಿರಾದ್ರು."

"ಹುಡುಕತೀನ್ರಿ ಸರ್," ಎಂದಳು ಅವಳು.

ನಿಜವಾಗಿಯೂ ಹುಡುಕಿದಳು. ಕಪಾಟಿನಿಂದ ಕಪಾಟಿಗೆ ಏಣಿ ಎಳೆದುಕೊಂಡು ಹೋಗಿ, ಸೆರಗು ಸಿಕ್ಕಿಸಿ, ಕೆಮ್ಮುತ್ತ ಧೂಳು ಒರೆಸುತ್ತ ವಾರವಿಡೀ ತಡಕಿದಳು. ಪ್ರಾಚಾರ್ಯರು ಮತ್ತೆ ಬಂದಾಗ ಕೈ ತೊಳೆಯುತ್ತಿದ್ದಳು.

"ಸಿಕ್ವೇನ್ರಿ?"

"ಇಲ್ರಿ ಸರ್. ಒಬ್ಬನ ಬರದ ಒಂದ ಪುಸ್ತಕದ ಎರಡು ಪ್ರತಿ ಇಡೂಣು ಅಂತ ಮಾಡಿದ್ದೆ. ಎರಡನೇ ಮುದ್ರಣದಾಗ ಆತ ಮೊದಲನೇದರ ತಪ್ಪು ತಿದ್ದ್ಯಾನ. ತನ್ನ ಜೋಡಿನ ತಾ ಜಗಳ ತಗದಾನ. ನಾ ಏನ್ ಮಾಡ್ಲಿ?"

ಗುಳಪ್ಪನವರಿಗೆ ನಗು ಬಂತು. ಅದನ್ನು ನುಂಗಿಕೊಂಡು, "ನೀವು ನನ್ನ ಪಿಂಚಣಿಗೆ ಎಳ್ಳು ನೀರು ಬಿಡಾಕತ್ತೀರಿ," ಎಂದು ಎದ್ದು ಹೋದರು.

ಕಸ್ತೂರಿ ಕಿಟಕಿಯ ಬಳಿ ಕುಳಿತು ಎಲ್ಲವನ್ನೂ ಕೇಳಿಸಿಕೊಂಡಿದ್ದಳು. ನೀಲಗಂಗಾ ಅವಳ ಹತ್ತಿರ ಬಂದು ನಿಂತಳು.

"ನೀ ನಾಳೆಯಿಂದ ಇಲ್ಲಿ ಬರಬ್ಯಾಡ."

"ಯಾಕ್ರಿ ಅಕ್ಕೋರ?"

"ಸೀಟು ಐತಿ. ಈ ಊರಾಗಿಂದ ಪಶುವಿಜ್ಞಾನಕ್ಕ ಯಾರೂ ಹೋಗಿಲ್ಲ. ಪಟ್ಟಿ ಹೇಳಿದ್ದ ಹೇಳಿ, ಡಿಗ್ರಿ ಇಸಕೊಂಡು ಹೋಗು. ಈ ಪುಸ್ತಕದ ಸಲುವಾಗಿ ನಿನ್ನ ಬಾಳೇವು ಕಳಕೋ ಅಂತ ನಾ ಬಾಯಿ ಬಿಟ್ಟು ಹೇಳಂಗಿಲ್ಲ."

"ಅಲ್ಲಿ ಹೋಗಿ ಏನ್ ಓದಲ್ರಿ? ಅಲ್ಲಿನೂ ಇದ ಪಟ್ಟಿ."

"ಅದನ್ನ ನನ್ನ ಕೇಳಬ್ಯಾಡ. ನಾ ನನ್ನ ಮಾತು ಹೇಳೇನಿ."

"ಇದರ ಜೋಡಿ ಮಾತು ಯಾರನ್ನ ಕೇಳ್ಲಿ ಮತ್ತ?"

ನೀಲಗಂಗಾ ಅವಳ ತಲೆಯ ಮೇಲೆ ಮೆಲ್ಲಗೆ ಮೊಟಕಿ ತನ್ನ ಮೇಜಿಗೆ ಹೋದಳು.

*

ಅಷ್ಟು ಮಂದಿಯನ್ನು ಹಿಡಿಸುವ ಬೇರೆ ಜಾಗವಿಲ್ಲದ್ದರಿಂದ ಪರೀಕ್ಷೆಯನ್ನು ಗ್ರಂಥಾಲಯದಲ್ಲೇ ಇಟ್ಟರು. ಕಪಾಟುಗಳಿಗೆ ಲಾರಿಗೆ ಹೊದಿಸುವ ತಾಡಪತ್ರಿ ಹಾಕಿ ಹಗ್ಗ ಬಿಗಿದಿದ್ದರು. ವಾದಿರಾಜ ನಡುವೆ ಯಂತ್ರ ಇಟ್ಟುಕೊಂಡು ಕುಳಿತಿದ್ದ. ಯಂತ್ರದ ಲೆಕ್ಕ ಸರಳ. ಯಾರು ಹಿಂದೆ ಎಲ್ಲಿ ತಡವರಿಸಿದ್ದರೋ ಅಲ್ಲಿಂದಲೇ ಅವರಿಗೆ ಪ್ರಶ್ನೆ. ಪಟ್ಟಿ ಉತ್ತರ ಪಿಸುಗುಡುತ್ತದೆ, ವಿದ್ಯಾರ್ಥಿ ಅದನ್ನು ಗಟ್ಟಿಯಾಗಿ ಹೇಳಬೇಕು. ಹೇಳಿದರೆ ಹಸಿರು. ಹಳೆಯ ಅನುಮಾನವೂ ಗುಣವಾದಂತೆ ಲೆಕ್ಕ.

ಮೊದಲು ಬಂದ ಕೆಲವರು ಪಟಪಟನೆ ಉತ್ತರ ಹೇಳಿ ಎದ್ದರು. ಬಾಗಿಲಲ್ಲಿ ನಿಂತಿದ್ದ ಗುಳಪ್ಪನವರ ಮುಖ ಅರಳಿತು.

ಕಸ್ತೂರಿಯ ಸರದಿ ಬಂತು. ಯಂತ್ರ ಕೇಳಿತು.

"ಹಿನ್ನೀರಿನ ದಂಡೆಯಲ್ಲಿ ಮೇಯುವ ಕುರಿಗೆ ಗದ್ದದ ಬಾವು ಬಂದಿದೆ. ಕಾರಣವೇನು?"

ಕಿವಿಯ ಹಿಂದೆ ಉತ್ತರ ಬಂದು ನಿಂತಿತು. ಅದು ಸರಿಯಾದ ಉತ್ತರವೆಂದು ಅವಳಿಗೆ ಎಲ್ಲರಿಗಿಂತ ಚೆನ್ನಾಗಿ ಗೊತ್ತಿತ್ತು. ತಾನೇ ಕೈಯಾರೆ ಸೋಸಿ, ಕಣ್ಣಾರೆ ಕಂಡ ಉತ್ತರ. ಎರಡು ಶಬ್ದ ಹೇಳಿದರೆ ಸಾಕಿತ್ತು. ನಾಲಿಗೆಯ ತುದಿಗೂ ಬಂದಿತ್ತು.

"ಯಾವ ಕುರಿ?" ಎಂದಳು ಕಸ್ತೂರಿ.

ಯಂತ್ರ ಪ್ರಶ್ನೆಯನ್ನು ಮತ್ತೊಮ್ಮೆ ಹೇಳಿತು.

"ಹೌದ್ರಿ, ಕೇಳಿಸ್ತು. ಯಾವ ಕುರಿ ಅಂತ ನಾ ಕೇಳಾಕತ್ತೇನಿ. ಕುರಿ ನೋಡದ, ಹಿಕ್ಕಿ ನೋಡದ ಹೇಳಾಕ ಬರಂಗಿಲ್ಲ."

ವಾದಿರಾಜ ಬಗ್ಗಿ ಸಣ್ಣ ದನಿಯಲ್ಲಿ, "ತಂಗಿ, ಉತ್ತರ ನಿಮಗ ಗೊತ್ತದ. ಹೇಳಿ ಮುಗಿಸ್ರಿ," ಎಂದ.

"ಗೊತ್ತಿದ್ದದ್ದು ನಮ್ಮ ಹಟ್ಟಿ ಕುರಿದ್ರಿ. ಇದು ಯಾರ ಹಟ್ಟೀದು?"

ಪರದೆಯ ಮೇಲೆ ಅವಳ ಗೆರೆ ಕೆಂಪಾಗಿ ಮೇಲೆದ್ದು ಅಲ್ಲೇ ನಿಂತಿತು. ಅವಳು ಎದ್ದು ಗೋಡೆಯ ಪಕ್ಕ ಹೋಗಿ ನಿಂತಳು. ಗುಳಪ್ಪನವರು ಕಣ್ಣು ಮುಚ್ಚಿಕೊಂಡರು.

ನಂತರ ಸೋಮನಿಂಗ ಬಂದು ಕುಳಿತ. "ಹಿನ್ನೀರು ಬಂದದ್ದರಿಂದ ಸಂಕನಾಳ ಸೀಮೆಗೆ ಲಾಭವೋ ನಷ್ಟವೋ?" ಎಂದು ಯಂತ್ರ ಕೇಳಿತು. ಲಾಭ ಎಂದು ಪಟ್ಟಿ ಪಿಸುಗುಟ್ಟಿರಬೇಕು. ಅವನು ಕಸ್ತೂರಿಯ ಕಡೆ ಒಮ್ಮೆ, ತಾಡಪತ್ರಿ ಹೊದ್ದ ಕಪಾಟುಗಳ ಕಡೆ ಒಮ್ಮೆ ನೋಡಿದ.

"ಯಾರಿಗ್ರಿ?" ಎಂದ. "ನೀರು ಹಾಯಿಸಿಕೊಂಡಾವರಿಗೋ, ಮುಳುಗಿದ ಊರಾವರಿಗೋ? ಇಬ್ಬರನೂ ಕರಸ್ರಿ, ಕೇಳಿ ಹೇಳತೀನಿ."

ಹಿಂದಿನಿಂದ ಯಾರೋ ಸಿಳ್ಳೆ ಹಾಕಿದರು. ಆಮೇಲೆ ಬಂದವರಲ್ಲಿ ಹೆಚ್ಚಿನವರು ಉತ್ತರ ಹೇಳಲೇ ಇಲ್ಲ. ಯಾವಾಗ, ಯಾರು ಅಳೆದದ್ದು, ಯಾವುದರ ಮ್ಯಾಲಿಂದ ಹೇಳ್ತೀರಿ ಎಂದು ಯಂತ್ರವನ್ನೇ ಕೇಳತೊಡಗಿದರು. ಒಬ್ಬ ಹುಡುಗ ಬರಿ, "ನನಗ ಗೊತ್ತಿಲ್ರಿ," ಎಂದ. ಅದನ್ನು ಹೇಳಿ ತಾನೇ ಬೆರಗಾದವನಂತೆ ಕುಳಿತ. ಆ ಮಾತನ್ನು ಈ ವಯಸ್ಸಿನವರ ಬಾಯಲ್ಲಿ ವಾದಿರಾಜ ಕೇಳಿ ಬಹಳ ವರ್ಷವಾಗಿತ್ತು. ಅದಕ್ಕೆ ಯಂತ್ರದಲ್ಲಿ ಗುಂಡಿಯೇ ಇರಲಿಲ್ಲ. ಪಟ್ಟಿ ಹೇಳಿದ್ದನ್ನು ಹೇಳಿದವರೂ ಇದ್ದರು. ಒಬ್ಬಳ ಮದುವೆ ಗೊತ್ತಾಗಿತ್ತು, ಇನ್ನೊಬ್ಬನಿಗೆ ನೌಕರಿ ಕಾದಿತ್ತು. ಅವರನ್ನು ಯಾರೂ ಏನೂ ಅನ್ನಲಿಲ್ಲ.

*

ನಿಯಂತ್ರಣ ಕೊಠಡಿಯಲ್ಲಿ ಸಂಕನಾಳದ ಚುಕ್ಕೆ ಗಾಯದ ಹಾಗೆ ಉರಿಯುತ್ತಿತ್ತು.

"ಅವರಿಗೆ ಉತ್ತರ ಗೊತ್ತಿತ್ತಾ?" ಶಾಂಭವಿ ಕೇಳಿದರು.

"ಹೌದ್ರಿ ಮೇಡಂ."

"ಗೊತ್ತಿದ್ದೂ ಹೇಳಲಿಲ್ಲ."

"ಇಲ್ರಿ. ಉತ್ತರ ತಪ್ಪು ಅಂತನೂ ಅನ್ನಲಿಲ್ಲ. ಪ್ರಶ್ನೆ ಪೂರಾ ಆಗಿಲ್ಲ ಅಂದ್ರು."

ಶಾಂಭವಿ ನಕ್ಷೆಯ ಕಡೆ ತಿರುಗಿದರು. ಒಂದು ಕಾಲೇಜನ್ನು ಬಿಟ್ಟರೆ ನಾಳೆ ಇನ್ನೊಂದು. ಹೆಬ್ಬೆರಳು ಒತ್ತಿ ಮಾನ್ಯತೆ ರದ್ದು ಮಾಡಿದರು. ನಕ್ಷೆಯಿಂದ ಸಂಕನಾಳ ಅಳಿಸಿಹೋಯಿತು. ಗೋಡೆ ಪೂರ್ತಿ ಹಸಿರಾಯಿತು.

"ಹೋಗಿ ಗ್ರಂಥಾಲಯಕ್ಕೆ ಮೊಹರು ಹಾಕಿ ಬನ್ನಿ. ಹಸಿರಾದವರಿಗೆ ಇನ್ನೊಂದು ಕಾಲೇಜಿಂದ ಪದವಿ ಕೊಡೋಣ. ಆ ಕುರಿ ಹುಡುಗಿಗೆ ಇನ್ನೊಂದು ಅವಕಾಶ ಕೊಡಿ. ಬೇರೆ ಕಾಲೇಜಿನ ಹೆಸರಲ್ಲಿ ಮತ್ತೆ ಕೂತು ಉತ್ತರ ಹೇಳಿದರೆ ಅವಳ ಸೀಟು ಉಳಿಯುತ್ತೆ. ಅವಳು ಹೇಳಿದರೆ ಉಳಿದವರೂ ಹೇಳ್ತಾರೆ."

ಸಂಕನಾಳಕ್ಕೆ ಸುದ್ದಿ ಮೊದಲೇ ಮುಟ್ಟಿತ್ತು. ಹೊನ್ನವ್ವ ಎರಡು ದಿನ ಮಗಳ ಜೊತೆ ಮಾತು ಬಿಟ್ಟಿದ್ದಳು. ಮೂರನೆಯ ದಿನ ರೊಟ್ಟಿ ಬಡಿಯುತ್ತ, "ಡಿಗ್ರಿ ಹೋತು, ಸೀಟು ಹೋತು, ಎಲ್ಲಾ ಹೋತು," ಎಂದು ಹಿಟ್ಟಿಗೆ ಹೇಳಿದಳು.

"ಹೋದ ಕುರಿ ಎಣಸಬ್ಯಾಡ," ಎಂದ ಮಾಳಪ್ಪ. "ಎದ್ದು ನೀರಿಗಿ ಹೊಂಟದ್ದನ್ನ ಎಣಸು."

ವಾದಿರಾಜ ಅರಗು, ಮೊಹರು ಮತ್ತು ಇಬ್ಬರು ಸಿಪಾಯಿಗಳೊಂದಿಗೆ ಕಾಲೇಜಿಗೆ ಬಂದಾಗ ಗ್ರಂಥಾಲಯದ ಬಾಗಿಲು ತೆರೆದೇ ಇತ್ತು. ತಾಡಪತ್ರಿಗಳನ್ನು ಬಿಚ್ಚಿ ಅಂಗಳದಲ್ಲಿ ಒಣಹಾಕಿದ್ದರು. ನೀಲಗಂಗಾ ಹೊಸ್ತಿಲಲ್ಲಿ ನಿಂತಿದ್ದಳು. ಪಕ್ಕದಲ್ಲಿ, ಎಲ್ಲ ಕಳೆದುಕೊಂಡ ಮೇಲೆ ಒಂಥರಾ ಹಗುರಾದಂತೆ ಕಾಣುತ್ತಿದ್ದ ಗುಳಪ್ಪನವರು.

"ಬಾಗಿಲಾ ಹಾಕ್ಬೇಕ್ರಿ ಮೇಡಂ. ಆದೇಶ ಅದ."

"ಯಾರಿಗಿ ಆದೇಶ?"

"ಕಾಲೇಜಿಗೆ."

"ಯಾವ ಕಾಲೇಜಿಗೆ? ನಿಮ್ಮ ಕಾಲೇಜು ಇಲ್ಲಿಲ್ಲಲ್ರಿ. ಮೊನ್ನೆ ನೀವ ರದ್ದು ಮಾಡೀರಿ." ಅವಳ ದನಿ ಏರಿರಲಿಲ್ಲ. "ಈ ಕಟ್ಟಡ ಸಂಕನಾಳ ಊರಾವರದು. ಪುಸ್ತಕ ಅವರದು. ನಾ ಅವರ ಆಳು. ನಿಮ್ಮ ಆದೇಶ ನಿಮ್ಮ ಕಾಲೇಜಿಗಿ ನಡೀತೈತಿ. ನಮಗ ಹೆಂಗ ನಡದೀತು?"

ವಾದಿರಾಜ ನಿರ್ದೇಶಕಿಗೆ ಫೋನು ಹಚ್ಚಿದ. ವಿಷಯ ಹೇಳಿದ. "ತಾಳಿ, ಕೇಳಿ ಹೇಳ್ತೀನಿ," ಎಂದು ಶಾಂಭವಿ ಫೋನು ಇಟ್ಟರು. ವಾದಿರಾಜನೂ ಹಣೆಗೆ ಪಟ್ಟಿ ಕಟ್ಟಿದ್ದ; ಅದು ಏನನ್ನೂ ಪಿಸುಗುಡಲಿಲ್ಲ. ಈ ಪ್ರಶ್ನೆಗೆ ಜ್ಞಾನಕೋಶದಲ್ಲಿ ಉತ್ತರವಿರಲಿಲ್ಲ. ಮಾನ್ಯತೆ ಹೋದ ಮೇಲೂ ಯಾರಾದರೂ ಓದುತ್ತ ಕೂರಬಹುದೆಂದು ಯಾವ ಪುಸ್ತಕದಲ್ಲೂ ಯಂತ್ರ ಓದಿರಲಿಲ್ಲ.

"ಸರ್, ಅರಗು ಕಾಸ್ಲೇನ್ರಿ?" ಎಂದು ಸಿಪಾಯಿ ಕೇಳಿದ.

"ತಡೀಪಾ."

"ಚಹಾ ಕಾಸು ಅದರ ಬದಲಿ," ಎಂದರು ಗುಳಪ್ಪನವರು. "ಒಲಿ ಅಲ್ಲಿ ಐತಿ."

ಅಷ್ಟರಲ್ಲಿ ಕಸ್ತೂರಿ ಗೇಟು ದಾಟಿ ಬಂದಳು. ಅವಳ ಹಣೆ ಬರಿದಾಗಿತ್ತು. ಪಟ್ಟಿ ಕಟ್ಟುತ್ತಿದ್ದ ಕಡೆ ಚರ್ಮ ಮಾತ್ರ ತುಸು ಬಿಳಿಯಾಗಿ ಉಳಿದಿತ್ತು. ಹಿಂದೆ ಸೋಮನಿಂಗ, ಅವನ ಹಿಂದೆ ಇನ್ನೂ ಐದಾರು ಮಂದಿ. ವಾದಿರಾಜ ಮೆಟ್ಟಿಲಿಗೆ ಬಂದು ಅವಳನ್ನು ತಡೆದ.

"ತಂಗಿ, ನಿಮಗ ಇನ್ನೂ ಒಂದು ಅವಕಾಶ ಅದ. ಬೇರೆ ಕಾಲೇಜಿನ ಹೆಸರಿಲೆ ಕೂಡ್ರಿ. ಅದೇ ಪ್ರಶ್ನೆ. ಉತ್ತರ ಹೇಳಿದ್ರ ಪದವಿ, ಸೀಟು, ಎರಡೂ ನಿಮ್ಮವು. ಈಗೇ, ಇಲ್ಲೇ ಮುಗಿಸಬಹುದು."

"ಕುರಿ ತಂದೀರೇನ್ರಿ?"

"ಏನು?"

"ತಂದಿದ್ರ ತೋರಸ್ರಿ. ನೋಡಿ ಹೇಳತೀನಿ."

ಹುಡುಗರು ನಕ್ಕರು. ವಾದಿರಾಜ ನಗಲಿಲ್ಲ. ಅವನಿಗೆ ನಿಜವಾಗಿಯೂ ಅರ್ಥವಾಗಿರಲಿಲ್ಲ. ಅದು ಮುಖದಲ್ಲೇ ಕಾಣುತ್ತಿತ್ತು.

"ಪದವಿ ಇಲ್ಲ. ಪರೀಕ್ಷೆ ಇಲ್ಲ. ಇಲ್ಲಿ ಓದಿದ್ದನ್ನ ಯಾರೂ ಲೆಕ್ಕಕ್ಕ ಹಿಡಿಯೂದಿಲ್ಲ. ಮತ್ತ ಇನ್ನ ಈ ಬಾಗಿಲೊಳಗ ನಿಮಗೇನದ?"

"ಓದೂದೈತ್ರಿ," ಎಂದಳು ಕಸ್ತೂರಿ. "ಸ್ವಲ್ಪ ಬಾಜೂಕ ಸರೀರಿ."

ಅವನು ಸರಿದು ನಿಂತ.